‘ರ’ಕಾರ ಒಲಿಯದ ಹುಡುಗ

ಚಿ. ರಘುವಿಗೆ ನಿನ್ನ ದೊಡ್ಡಪ್ಪನ ಆಶೀರ್ವಾದಗಳು.

ಇಲ್ಲಿ ನಾವೆಲ್ಲ ಕ್ಷೇಮ. ಮಳೆ ಹಿಡಿದ ಮೇಲೆ ನಿನ್ನ ದೊಡ್ಡಮ್ಮನ ಮಂಡಿನೋವು ಸ್ವಲ್ಪ ಜಾಸ್ತಿ, ಅಷ್ಟೆ. ನಾಟಕದಲ್ಲಿ ಈ ಸಲವೂ ನಿನಗೆ ಮಾತಿಲ್ಲದ ಪಾತ್ರವೇ ಬಂತಂತೆ, ತಂಡ ಬಿಟ್ಟುಬಿಡುತ್ತೀಯಂತೆ. ನಿಮ್ಮಪ್ಪ ಫೋನಿನಲ್ಲಿ ಹೇಳಿದ. ಎರಡು ದಿನದಿಂದ ಮನಸ್ಸು ತಡೆಯಲಿಲ್ಲ, ಅದಕ್ಕೇ ಈ ಕಾಗದ.

ಕ್ಲಾಡ್ ರೇನ್ಸ್ ಎಂಬ ನಟನ ಹೆಸರು ನೀನು ಕೇಳಿದ್ದೀಯೋ ಇಲ್ಲವೋ. ನಾನು ಅವನನ್ನು ಮೊದಲು ನೋಡಿದ್ದು ಬೆಂಗಳೂರಿನಲ್ಲಿ ಓದುತ್ತಿದ್ದಾಗ, ‘ಕಾಸಾಬ್ಲಾಂಕಾ’ ಸಿನಿಮಾದಲ್ಲಿ. ನಾಯಕ ನಾಯಕಿಯರನ್ನು ನೋಡಲು ಹೋದವನು ಪೊಲೀಸ್ ಕ್ಯಾಪ್ಟನ್ನನ ದನಿಯನ್ನು ಕಿವಿಯಲ್ಲಿ ತುಂಬಿಕೊಂಡು ಬಂದೆ. ಕೊನೆಯಲ್ಲಿ ಅವನು ಲೋಟಕ್ಕೆ ನೀರು ಬಗ್ಗಿಸಿಕೊಳ್ಳುತ್ತಾನೆ. ಸೀಸೆಯ ಚೀಟಿಯ ಮೇಲೆ ‘ವಿಶಿ’ ಎಂದಿರುತ್ತದೆ, ನಾಜಿಗಳಿಗೆ ತಲೆಬಾಗಿದ ಫ್ರೆಂಚ್ ಸರ್ಕಾರದ ಹೆಸರು. ಒಂದು ಗಳಿಗೆ ಅದನ್ನೇ ನೋಡಿ, ಸೀಸೆಯನ್ನು ಕಸದ ಬುಟ್ಟಿಗೆ ಹಾಕಿ, ಬುಟ್ಟಿಯನ್ನೇ ಒದೆಯುತ್ತಾನೆ. ಅಷ್ಟು ಚಂದ ಮಾತಾಡುವವನು, ಆ ಒದೆತಕ್ಕೆ ಮಾತೇ ಸೇರಿಸಲಿಲ್ಲ.

ಅಂಥ ದನಿಯವನು 1889ರಲ್ಲಿ ಲಂಡನ್ನಿನ ಬಡಮನೆಯಲ್ಲಿ ಹುಟ್ಟಿದವನು. ಬಾಯಲ್ಲಿ ‘ರ’ ಹೊರಡುತ್ತಿರಲಿಲ್ಲ. ಮನೆಯಲ್ಲಿ ವಿಲ್ಲಿ ಎಂದು ಕರೆಯುತ್ತಿದ್ದರು, ಅವನು ತನ್ನ ಹೆಸರನ್ನು ‘ವಿಲ್ಲಿ ವೇನ್ಸ್’ ಎನ್ನುತ್ತಿದ್ದನಂತೆ. ಜೊತೆಗೆ ಬಡಕೇರಿಯ ಕಾಕ್ನಿ ಉಚ್ಚಾರ. ಹತ್ತನೆಯ ವಯಸ್ಸಿಗೇ ರಂಗ ಹತ್ತಿದ ಹುಡುಗ, ಆಮೇಲೆ ಹಿಸ್ ಮೆಜೆಸ್ಟಿಸ್ ಥಿಯೇಟರಿನಲ್ಲಿ, ಸರದಿ ಬಂತೆಂದು ನಟರನ್ನು ಕೂಗಿ ಕರೆಯುವ ಕೆಲಸಕ್ಕಿದ್ದ. ಅಲ್ಲಿಯ ಯಜಮಾನ ಹರ್ಬರ್ಟ್ ಬೀರ್ಬೋಮ್ ಟ್ರೀ ಆ ಕಾಲದ ದೊಡ್ಡ ನಟ. ಈ ಹುಡುಗನಲ್ಲಿ ಏನು ಕಂಡನೋ, ಮಾತು ತಿದ್ದಿಕೊಳ್ಳಲು ಪುಸ್ತಕಕ್ಕೂ ಪಾಠಕ್ಕೂ ಕೈಯಿಂದ ದುಡ್ಡು ಕೊಟ್ಟ. ಹುಡುಗ ಹೋಗಿ ಕಲಿತ. ಮುಂದೆ ಲಂಡನ್ನಿನ ನಾಟಕ ಅಕಾಡೆಮಿಯಲ್ಲಿ ತಾನೇ ಮೇಷ್ಟ್ರಾದ. ಮುಂದೆ ದೊಡ್ಡ ಹೆಸರು ಮಾಡಿದ ನಟ ಜಾನ್ ಗೀಲ್ಗುಡ್ ಅವನ ಶಿಷ್ಯ! ಇದರ ನಡುವೆ ಮೊದಲ ಮಹಾಯುದ್ಧದ ವಿಷಗಾಳಿಗೆ ಸಿಕ್ಕಿ ಒಂದು ಕಣ್ಣು ಹೆಚ್ಚುಕಡಿಮೆ ಹೋಗಿಯೇಬಿಟ್ಟಿತು.

ಹಾಲಿವುಡ್ ಅವನನ್ನು ಕರೆದಾಗ ವಯಸ್ಸು ನಲವತ್ತು ದಾಟಿತ್ತು. ಒಂದು ಸ್ಕ್ರೀನ್ ಟೆಸ್ಟಿನಲ್ಲಿ ಸೋತಿದ್ದ, ಆದರೆ ಅದರಲ್ಲಿ ಕೇಳಿದ ದನಿಯನ್ನು ನಿರ್ದೇಶಕ ಜೇಮ್ಸ್ ವೇಲ್ ಹಿಡಿದುಕೊಂಡ. 1933ರ ‘ದಿ ಇನ್‌ವಿಸಿಬಲ್ ಮ್ಯಾನ್’ ಸಾಧ್ಯವಾದರೆ ಈ ವಾರವೇ ನೋಡು. ತಲೆತುಂಬ ಬ್ಯಾಂಡೇಜು, ಕಪ್ಪು ಕನ್ನಡಕ, ಕೈಗೆ ಗವಸು ಹಾಕಿಕೊಂಡವನು ಹಿಮದಲ್ಲಿ ನಡೆದು ಬಂದು ಹಳ್ಳಿಯ ಹೋಟೆಲಿನಲ್ಲಿ ಕೋಣೆ ಕೇಳುತ್ತಾನೆ. ಮುಖ ಕಾಣುವುದು ಕಟ್ಟಕಡೆಗೆ, ಸತ್ತು ಮಲಗಿದ ಮೇಲೆ, ಕೆಲವೇ ಕ್ಷಣ. ಅಲ್ಲಿಯವರೆಗೆ ಇಡೀ ಚಿತ್ರವನ್ನು ಹೊತ್ತಿದ್ದು, ಒಂದು ಕಾಲಕ್ಕೆ ‘ರ’ ಹೇಳಲಾಗದಿದ್ದ ಆ ಬಾಯಿ. ಆಮೇಲೆ ಪೋಷಕ ಪಾತ್ರಗಳಿಗೆ ನಾಲ್ಕು ಸಲ ಆಸ್ಕರ್‌ಗೆ ಹೆಸರು ಹೋಯಿತು, ಒಂದು ಸಲವೂ ಬರಲಿಲ್ಲ. ನನಗದು ಇವತ್ತಿಗೂ ಅನ್ಯಾಯವೆಂದೇ ಕಾಣುತ್ತದೆ.

ಇನ್ನು ನಮ್ಮ ಮನೆಯ ಮಾತು. ಐದಾರು ವರ್ಷದವನಿದ್ದಾಗ ನೀನು ‘ಲಘು’ ಅನ್ನುತ್ತಿದ್ದೆ. ನೆಂಟರು ಬಂದರೆ ನಿನ್ನನ್ನು ನಡುಮನೆಗೆ ಕರೆದು ‘ಹೆಸರು ಹೇಳು ಮಗು’ ಎನ್ನುತ್ತಿದ್ದವನು ನಾನೇ. ನೀನು ಹೇಳುತ್ತಿದ್ದೆ, ಎಲ್ಲರೂ ನಗುತ್ತಿದ್ದೆವು. ಒಂದು ದೀಪಾವಳಿಯಲ್ಲಿ ನೀನು ಹೇಳಲಿಲ್ಲ, ಕಂಬ ತಬ್ಬಿಕೊಂಡು ನಿಂತುಬಿಟ್ಟೆ. ನಾನು ಮತ್ತೂ ಕೇಳಿದೆ. ಯಾರಿಗಾದರೂ ತೋರಿಸೋಣವೆಂದು ನಿಮ್ಮಮ್ಮ ಅಂದಾಗ, ದೊಡ್ಡವನಾದರೆ ತಾನೇ ಸರಿಹೋಗುತ್ತದೆ ಎಂದು ತಡೆದವನೂ ನಾನೇ. ಎರಡೂ ನನ್ನ ತಪ್ಪು.

ಈಗ ನೀನು ಒಂದು ಕೆಲಸ ಮಾಡು. ಮೈಸೂರಿನ ಮಾನಸಗಂಗೋತ್ರಿಯಲ್ಲಿ ವಾಕ್ ಶ್ರವಣ ಸಂಸ್ಥೆ ಇದೆ. ಹೋಗಿ ತೋರಿಸು, ಅವರು ಹೇಳಿದ ಅಭ್ಯಾಸವನ್ನು ದಿನಾ ಮಾಡು. ಇಪ್ಪತ್ತನಾಲ್ಕು ವರ್ಷವೆಂದರೆ ತಡವೇನಲ್ಲ. ತಂಡ ಬಿಡುವ ವಿಚಾರ ಆಮೇಲೆ ನೋಡೋಣ. ನಿನ್ನ ಖಾತೆಗೆ ಸ್ವಲ್ಪ ದುಡ್ಡು ಹಾಕಿಸಿದ್ದೇನೆ, ಬೇಡವೆನ್ನಬೇಡ, ಇದು ಹದಿನೆಂಟು ವರ್ಷದ ಹಿಂದೆಯೇ ಕೊಡಬೇಕಾಗಿದ್ದ ದುಡ್ಡು.

ನಾಟಕ ಯಾವತ್ತೆಂದು ತಿಳಿಸು. ಮಂಡಿನೋವಿದ್ದರೂ ಬರುತ್ತೇನೆ ಅನ್ನುತ್ತಿದ್ದಾಳೆ ದೊಡ್ಡಮ್ಮ. ರಾತ್ರಿ ಬಸ್ಸಿಗೆ ಇಬ್ಬರೂ ಹೊರಡುತ್ತೇವೆ.

ಇಂತಿ,
ನಿನ್ನ ದೊಡ್ಡಪ್ಪ