ಯಾರಿಗೂ ಕೊಬ್ಬರಿ ಕೊಡದ ಹೋರಿ

ದೀಪಾವಳಿ ಕಳೆದ ಮೇಲೆ ಶಿಕಾರಿಪುರ, ಸೊರಬದ ಕಡೆ ಬನ್ನಿ. ಚಹಾದಂಗಡಿಯಲ್ಲಿ ಕುಳಿತರೆ, ‘ಆ ಹೋರಿ ಈ ವರ್ಷ ಎಲ್ಲೂ ಕೊಬ್ಬರಿ ಕೊಟ್ಟಿಲ್ಲ’ ಎಂಬ ಮಾತು ನಿಮ್ಮ ಕಿವಿಗೆ ಬಿದ್ದೀತು. ಒಂದು ಋತುವಿಡೀ ಸೋಲದೆ ಉಳಿದ ತಂಡದ ಬಗ್ಗೆ ಆಡುವಂಥ ಹೆಮ್ಮೆಯ ಮಾತು ಅದು. ಆ ಹೆಮ್ಮೆ ನಿಮಗೂ ತಿಳಿಯಲಿ ಎಂದು ಬುಡದಿಂದ ಹೇಳುತ್ತೇನೆ.

ಹೋರಿ ಹಬ್ಬ, ಅಂದರೆ ಹೋರಿ ಬೆದರಿಸುವ ಸ್ಪರ್ಧೆ, ಹಾವೇರಿ ಜಿಲ್ಲೆಯಲ್ಲೂ ಅದಕ್ಕೆ ಹೊಂದಿಕೊಂಡ ಈ ಎರಡು ತಾಲ್ಲೂಕುಗಳಲ್ಲೂ ಜನರ ಜೀವದ ಆಟ. ಬಲಿಪಾಡ್ಯಮಿಯ ಹೊತ್ತಿಗೆ ಶುರುವಾಗಿ, ಸುಗ್ಗಿ ಮುಗಿದ ಮೇಲೂ ಊರಿಂದೂರಿಗೆ ನಡೆಯುತ್ತಿರುತ್ತದೆ.

ಹೋರಿಯ ಕೊರಳಿಗೆ ಒಣಕೊಬ್ಬರಿಯ ಹಾರ ಕಟ್ಟುತ್ತಾರೆ. ಎರಡೂ ಬದಿಗೆ ಬೇಲಿ ಹಾಕಿದ ಓಟದ ದಾರಿಗೆ ಅಖಾಡ ಎಂದು ಹೆಸರು. ಅದರ ಒಂದು ತುದಿಯಲ್ಲಿ ಹೋರಿಯನ್ನು ಬಿಡುತ್ತಾರೆ. ದಾರಿಯಲ್ಲಿ ಕಾದು ನಿಂತ ಹುಡುಗರು ಅದನ್ನು ಹಿಡಿದು ಕೊಬ್ಬರಿ ಹರಿಯಬೇಕು. ಹರಿದರೆ ಹಿಡಿದವರು ಗೆದ್ದರು. ಹಾರದೊಂದಿಗೆ ದಾಟಿಹೋದರೆ ಹೋರಿ ಗೆದ್ದಿತು. ತಮಿಳುನಾಡಿನ ಜಲ್ಲಿಕಟ್ಟಿನಲ್ಲಿ ಡುಬ್ಬ ಅಪ್ಪಿ ನಿಲ್ಲುವುದು ಮುಖ್ಯ, ಇಲ್ಲಿ ಕೊಬ್ಬರಿ ಮುಖ್ಯ. ಬಲೂನು, ಬಣ್ಣದ ಪೀಪಿಗಳಿಂದ ಎತ್ತರಕ್ಕೆ ಸಿಂಗರಿಸಿಕೊಂಡು ಬರುವ ಪೀಪಿ ಹೋರಿಗಳೂ ಇವೆ. ಅವುಗಳ ಸೊಗಸೇ ಬೇರೆ.

ಮೊದಲ ಸಲ ನೋಡುವವರ ಕಣ್ಣು ಕೊಂಬಿನ ಮೇಲೆಯೇ ಇರುತ್ತದೆ. ನೀವು ಕೊರಳನ್ನು ನೋಡಿ. ಹಿಡಿಯುವವನು ಎದುರಿಗೆ ಬರುವುದಿಲ್ಲ. ಪಕ್ಕದಿಂದ ನುಗ್ಗಿ, ಒಂದು ಕೈಯಲ್ಲಿ ಕೊರಳಿಗೆ ಜೋತುಬಿದ್ದು, ಇನ್ನೊಂದರಲ್ಲಿ ಹಾರ ತಡಕುತ್ತಾನೆ. ಪಳಗಿದ ಹೋರಿ ಓಟದ ವೇಗ ಕಳೆದುಕೊಳ್ಳದೆಯೇ ಒಮ್ಮೆ ಕತ್ತು ಕೊಸರುತ್ತದೆ. ಕೈ ಜಾರುತ್ತದೆ, ಹಾರ ಉಳಿಯುತ್ತದೆ. ನನ್ನ ಪಾಲಿಗೆ ಇಡೀ ಆಟದ ಚೆಲುವು ಆ ಒಂದು ಕೊಸರಿನಲ್ಲಿದೆ.

ಸೋಲದೆ ಉಳಿಯುವುದು ಏಕೆ ಕಷ್ಟ? ಗೆದ್ದಷ್ಟೂ ಹೋರಿಗೆ ಹೆಸರು ಬರುತ್ತದೆ. ಮುಂದಿನ ಊರಿನಲ್ಲಿ ಮೈಕಿನಲ್ಲಿ ಅದರ ಹೆಸರು ಕೂಗಿದ್ದೇ ತಡ, ಅದನ್ನೇ ಹಿಡಿಯಬೇಕೆಂದು ಹಟ ತೊಟ್ಟವರು ಮುಂದೆ ಬರುತ್ತಾರೆ. ಅಭಿಮಾನಿಗಳು ಅದರ ಚಿತ್ರವಿರುವ ಟೀ ಶರ್ಟ್ ಹಾಕಿಕೊಂಡು ಬರುತ್ತಾರೆ, ಬೆಲೆ ಲಕ್ಷಗಳಿಗೆ ಏರುತ್ತದೆ.

ಇಂಥ ಹೋರಿಯ ತಯಾರಿಯೆಲ್ಲ ಮನೆಯಲ್ಲಿ. ಮೈಸೂರು ಅರಸರ ಕಾಲದಲ್ಲಿ ಸೈನ್ಯದ ಸಾಮಾನು ಹೊತ್ತ ಅಮೃತಮಹಲ್ ತಳಿ ಓಟಕ್ಕೆ ಹೆಸರಾದದ್ದು. ಹಳ್ಳಿಕಾರ್ ತಳಿಯೂ ಅಷ್ಟೇ ಚುರುಕು. ಹುರುಳಿ, ಹಿಂಡಿ ತಿನ್ನಿಸುತ್ತಾರೆ, ದಮ್ಮು ಬರಲೆಂದು ಕೆರೆಯಲ್ಲಿ ಈಜಿಸುತ್ತಾರೆ. ಅಖಾಡದಲ್ಲಿ ಹತ್ತು ಜನರಿಗೆ ಬಗ್ಗದ ಹೋರಿಯನ್ನು ಮನೆಯ ಹೆಂಗಸರು ಕೊಟ್ಟಿಗೆಯಲ್ಲಿ ಸಲೀಸಾಗಿ ಕಟ್ಟುವುದನ್ನು ನೀವೇ ನೋಡಬೇಕು.

ಇನ್ನು ಕಾನೂನು. 2014ರಲ್ಲಿ ಸುಪ್ರೀಂ ಕೋರ್ಟ್ ಜಲ್ಲಿಕಟ್ಟನ್ನು ನಿಷೇಧಿಸಿದ ಮೇಲೆ ಇಂಥ ಆಟಗಳಿಗೆಲ್ಲ ಕುತ್ತು ಬಂದಿತ್ತು. ಕಂಬಳ, ಹೋರಿ ಓಟಗಳಿಗಾಗಿ ಕರ್ನಾಟಕ 2017ರಲ್ಲಿ ತಂದ ತಿದ್ದುಪಡಿಯನ್ನು ಅದೇ ನ್ಯಾಯಾಲಯ 2023ರ ಮೇ 18ರಂದು ಎತ್ತಿಹಿಡಿಯಿತು. ಹಿಂಸೆಗೆ ಮಾತ್ರ ಆ ತಿದ್ದುಪಡಿಯಲ್ಲಿ ಅನುಮತಿಯಿಲ್ಲ. ಬಾಲ ತಿರುಚಿ, ಚುಚ್ಚಿ ಓಡಿಸಿದ ಹೋರಿ ದಾಟಿದರೂ ನಾನು ಅದನ್ನು ಗೆಲುವೆಂದು ಎಣಿಸುವುದಿಲ್ಲ.

ಹೋರಿ ತಿವಿದು ನೋಡುಗರು ಸತ್ತದ್ದೂ ಇದೆ. ಆದ್ದರಿಂದ ಬೇಲಿಯ ಹೊರಗೇ, ಸಾಧ್ಯವಾದರೆ ಎತ್ತರದ ಜಾಗದಲ್ಲಿ ನಿಲ್ಲಿ. ಓಟ ಮುಗಿಯುವ ತುದಿಯಲ್ಲಿ ಮಾತ್ರ ನಿಲ್ಲಲೇಬೇಡಿ. ಬೆದರಿದ ಹೋರಿ ಅಲ್ಲಿ ಯಾವ ಕಡೆಗೆ ತಿರುಗೀತೆಂದು ಅದನ್ನು ಸಾಕಿದವರಿಗೂ ಗೊತ್ತಿರುವುದಿಲ್ಲ.