ಹೊರನಾಡಿನ ಮನೆಗಳಲ್ಲಿ ಹಿರಿಯರ ಒಂಟಿತನ

ಏಕಾಂತ ಮತ್ತು ಒಂಟಿತನ ಎಂಬ ಎರಡು ಪದಗಳನ್ನು ಕನ್ನಡವು ಬೇರೆಬೇರೆಯಾಗಿಯೇ ಇರಿಸಿಕೊಂಡಿದೆ. ಏಕಾಂತವು ಮನುಷ್ಯನು ತಾನಾಗಿ ಬಯಸಿ ಪಡೆಯುವಂಥದು; ಓದಿಗೆ, ಜಪತಪಗಳಿಗೆ, ದಣಿದ ಮನಸ್ಸಿನ ವಿಶ್ರಾಂತಿಗೆ ಅದು ಬೇಕು. ಒಂಟಿತನವಾದರೋ ಬಯಸದೆ ಬಂದೊದಗುವಂಥದು. ತನಗೆ ಬೇಕೆನಿಸಿದಷ್ಟು ಒಡನಾಟ ದೊರೆಯುತ್ತಿಲ್ಲವೆಂಬ ಅಳಲೇ ಒಂಟಿತನ. ಇವೆರಡರ ಜೊತೆಗೆ ತಜ್ಞರು ಮೂರನೆಯದೊಂದನ್ನು ಹೇಳುತ್ತಾರೆ. ಅದು ಸಾಮಾಜಿಕ ಪ್ರತ್ಯೇಕತೆ. ವಾರಕ್ಕೆ ಎಷ್ಟು ಜನರ ಭೇಟಿಯಾಗುತ್ತದೆ, ಕಾಯಿಲೆ ಬಿದ್ದರೆ ಕರೆಯಲು ಎಷ್ಟು ಮಂದಿ ಇದ್ದಾರೆ ಎಂದು ಹೊರಗಿನವರೂ ಲೆಕ್ಕ ಹಾಕಬಹುದಾದ ಸ್ಥಿತಿ ಅದು. ಒಂಟಿತನವನ್ನು ಹಾಗೆ ಲೆಕ್ಕ ಹಾಕಲಾಗದು. ಅನುಭವಿಸುವವರನ್ನೇ ಕೇಳಿ ತಿಳಿಯಬೇಕು.

ಈ ಭೇದವು ಕೇವಲ ಪಾಂಡಿತ್ಯದ ಮಾತಲ್ಲ. ಊರಿನ ಹಳೆಯ ಮನೆಯಲ್ಲಿ ಒಬ್ಬರೇ ಇರುವ ಅಜ್ಜಿಯು ಹಾಲಿನವನು, ಹೂವಿನವಳು, ನೆರೆಮನೆಯ ಸೊಸೆ ಎಂದು ದಿನಕ್ಕೆ ಹತ್ತು ಜನರೊಡನೆ ಮಾತನಾಡುತ್ತ ನೆಮ್ಮದಿಯಿಂದ ಇರಬಹುದು. ಅದೇ ಅಜ್ಜಿಯನ್ನು ‘ಒಬ್ಬರೇ ಇದ್ದಾರೆ’ ಎಂಬ ಕಾಳಜಿಯಿಂದ ಮಗನು ಪುಣೆಗೋ ದೆಹಲಿಗೋ ಕರೆತಂದಾಗ, ಐದು ಜನರಿರುವ ಮನೆಯಲ್ಲಿ ಆಕೆ ಒಂಟಿಯಾಗಿಬಿಡಬಹುದು. ಅಮೆರಿಕದ ಸಮಾಜಶಾಸ್ತ್ರಜ್ಞ ರಾಬರ್ಟ್ ವೈಸ್ ಅವರು 1973ರಲ್ಲಿ ಒಂಟಿತನದಲ್ಲಿ ಎರಡು ಬಗೆಯಿದೆ ಎಂದು ವಿವರಿಸಿದರು: ಆಪ್ತರೊಬ್ಬರನ್ನು ಕಳೆದುಕೊಂಡಾಗ ಉಂಟಾಗುವುದು ಒಂದು, ತನ್ನವರೆನ್ನುವ ಬಳಗ ಇಲ್ಲದಾದಾಗ ಉಂಟಾಗುವುದು ಇನ್ನೊಂದು. ಒಂದರ ಕೊರತೆಯನ್ನು ಇನ್ನೊಂದು ತುಂಬಲಾರದು. ಮಗನ ಪ್ರೀತಿ ಎಷ್ಟೇ ಇದ್ದರೂ ತಾಯಿಗೆ ನೆರೆಹೊರೆಯ ಬಳಗದ ಅವಶ್ಯಕತೆ ಉಳಿದೇ ಇರುತ್ತದೆ. ಇದನ್ನು ಮಗನ ಮೇಲಿನ ದೂರು ಎಂದು ಭಾವಿಸಬೇಕಾಗಿಲ್ಲ.

ಸಮಸ್ಯೆಯ ವ್ಯಾಪ್ತಿ

2011ರ ಜನಗಣತಿಯ ಪ್ರಕಾರ ಭಾರತದಲ್ಲಿ 60 ವರ್ಷ ಮೀರಿದವರ ಸಂಖ್ಯೆ ಸುಮಾರು 10.4 ಕೋಟಿ, ಒಟ್ಟು ಜನಸಂಖ್ಯೆಯಲ್ಲಿ ಇದು ಶೇ. 8.6ರಷ್ಟಾಗಿತ್ತು. 2050ರ ವೇಳೆಗೆ ಐವರಲ್ಲಿ ಒಬ್ಬರು ಈ ವಯೋಮಾನದವರಾಗಿರುತ್ತಾರೆ ಎಂಬುದು ವಿಶ್ವಸಂಸ್ಥೆಯ ಜನಸಂಖ್ಯಾ ನಿಧಿಯು 2023ರಲ್ಲಿ ಪ್ರಕಟಿಸಿದ ವರದಿಯ ಅಂದಾಜು. ಹಿರಿಯರಲ್ಲಿ ಮಹಿಳೆಯರ ಸಂಖ್ಯೆ ಹೆಚ್ಚು. ಅವರಲ್ಲಿಯೂ ಪತಿಯನ್ನು ಕಳೆದುಕೊಂಡವರ ಸಂಖ್ಯೆ ಬಹಳ ಹೆಚ್ಚು.

ಹೊರನಾಡಿನ ಕನ್ನಡಿಗ ಹಿರಿಯರಲ್ಲಿ ಎರಡು ವರ್ಗದವರನ್ನು ಕಾಣಬಹುದು. ಯೌವನದಲ್ಲಿಯೇ ಊರು ಬಿಟ್ಟು ಬಂದವರು ಮೊದಲನೆಯವರು. ಉಡುಪಿ ಹೋಟೆಲುಗಳಲ್ಲಿ, ಮುಂಬಯಿಯ ಬಟ್ಟೆ ಗಿರಣಿಗಳಲ್ಲಿ, ಬ್ಯಾಂಕುಗಳಲ್ಲಿ, ಕೇಂದ್ರ ಸರ್ಕಾರದ ಕಚೇರಿಗಳಲ್ಲಿ ದುಡಿದು ಅಲ್ಲಿಯೇ ನೆಲೆಸಿದವರು ಇವರು. ಇವರಿಗೆ ಆ ನಗರದ ಭಾಷೆ ಬರುತ್ತದೆ, ರೈಲಿನ ದಾರಿ ಗೊತ್ತಿದೆ. ಆದರೆ ಜೊತೆಗೆ ದುಡಿದವರು ಚದುರಿಹೋಗಿರುತ್ತಾರೆ. 1982ರ ಮುಷ್ಕರದ ನಂತರ ಮುಂಬಯಿಯ ಗಿರಣಿಗಳು ಒಂದೊಂದಾಗಿ ಮುಚ್ಚಿದವು. ಗಿರಣಗಾಂವಿನ ಚಾಳುಗಳಿದ್ದ ಎಷ್ಟೋ ಕಡೆ ಗಗನಚುಂಬಿ ಕಟ್ಟಡಗಳು ಬಂದವು. ಚಾಳಿನಲ್ಲಿ ಎಲ್ಲ ಖೋಲಿಗಳಿಗೂ ಸೇರಿ ಒಂದೇ ಉದ್ದನೆಯ ಪಡಸಾಲೆ ಇರುತ್ತಿತ್ತು. ಒಬ್ಬರು ಎರಡು ದಿನ ಹೊರಗೆ ಕಾಣಿಸದಿದ್ದರೆ ಮೂರನೆಯ ದಿನ ಯಾರಾದರೂ ಬಾಗಿಲು ತಟ್ಟುತ್ತಿದ್ದರು. ಅಡಚಣೆಗಳು ನೂರಿದ್ದರೂ ಆ ಪಡಸಾಲೆಯು ಹಳ್ಳಿಯ ಜಗಲಿಯ ಕೆಲಸವನ್ನೇ ಮಾಡುತ್ತಿತ್ತು. ಹೊಸ ಕಟ್ಟಡದ ಹದಿನೆಂಟನೆಯ ಮಹಡಿಯಲ್ಲಿ ನೀರು, ಶೌಚಾಲಯ, ಲಿಫ್ಟು ಎಲ್ಲವೂ ಮನೆಬಾಗಿಲಿಗೇ ದೊರೆತವು. ಬಾಗಿಲು ಮಾತ್ರ ಮುಚ್ಚಿಕೊಂಡಿತು.

ಎರಡನೆಯ ವರ್ಗದವರ ಪರಿಸ್ಥಿತಿ ಇನ್ನೂ ಸೂಕ್ಷ್ಮವಾದುದು. ಅರವತ್ತೈದೋ ಎಪ್ಪತ್ತೋ ದಾಟಿದ ಮೇಲೆ, ಬಹುಮಟ್ಟಿಗೆ ಸಂಗಾತಿಯ ಮರಣಾನಂತರ, ಮಕ್ಕಳಿರುವ ನಗರಕ್ಕೆ ಬಂದವರು ಇವರು. ತರೀಕೆರೆಯಲ್ಲಿ ಮೂವತ್ತೈದು ವರ್ಷ ಮೇಷ್ಟರಾಗಿದ್ದವರೊಬ್ಬರು ಹೈದರಾಬಾದಿನ ಮಗಳ ಮನೆಗೆ ಬಂದರೆಂದು ಇಟ್ಟುಕೊಳ್ಳೋಣ. ಊರಿನಲ್ಲಿ ಅವರು ‘ಮೇಷ್ಟ್ರು’. ಬಸ್ಸಿನಲ್ಲಿ ಎದ್ದು ಜಾಗ ಕೊಡುವ ಶಿಷ್ಯರಿದ್ದರು. ಇಲ್ಲಿ ಕಾವಲುಗಾರನಿಗೆ ಅವರು ಇಂತಿಷ್ಟನೇ ನಂಬರಿನ ಮನೆಯ ಮುದುಕರು. ಬಸ್ಸಿನ ಫಲಕವನ್ನು ಕಷ್ಟಪಟ್ಟು ಕೂಡಿಸಿ ಓದಬೇಕು. ಔಷಧಿ ಅಂಗಡಿಯಲ್ಲಿ ಹೇಳಬೇಕಾದುದನ್ನು ಚೀಟಿಯಲ್ಲಿ ಬರೆಸಿಕೊಂಡು ಹೋಗಬೇಕು. ಮೊಮ್ಮಕ್ಕಳು ಕನ್ನಡವನ್ನು ಅರ್ಥ ಮಾಡಿಕೊಳ್ಳುತ್ತಾರೆ, ಆದರೆ ಉತ್ತರಿಸುವುದು ಇಂಗ್ಲಿಷಿನಲ್ಲಿ. ಬೆಳಗ್ಗೆ ಎಂಟೂವರೆಗೆ ಮನೆ ಬರಿದಾದರೆ ಸಂಜೆ ಆರರವರೆಗೆ ಅವರ ಬಾಯಿಂದ ಒಂದು ಮಾತೂ ಹೊರಡುವ ಪ್ರಮೇಯವಿರುವುದಿಲ್ಲ. ಕನ್ನಡ ವಾಹಿನಿಗಳು ಮನೆಯೊಳಗೆ ಕನ್ನಡದ ದನಿಯನ್ನು ತಂದಿವೆ ಎಂಬುದು ನಿಜ. ಆದರೆ ದೂರದರ್ಶನದ ಪೆಟ್ಟಿಗೆಯು ಮಾತನಾಡುತ್ತದೆಯೇ ಹೊರತು ಕೇಳಿಸಿಕೊಳ್ಳುವುದಿಲ್ಲ.

ಇಲ್ಲಿ ಹೆಂಗಸರಿಗೂ ಗಂಡಸರಿಗೂ ಒಂದು ವ್ಯತ್ಯಾಸವಿದೆ. ಅಜ್ಜಿಗೆ ಅಡುಗೆಮನೆಯಲ್ಲಿ, ಮಕ್ಕಳ ಲಾಲನೆ ಪಾಲನೆಯಲ್ಲಿ ಏನಾದರೂ ಕೆಲಸ ಸಿಗುತ್ತದೆ; ಎಷ್ಟೋ ವೇಳೆ ಅತಿಯಾಗಿಯೇ ಸಿಗುತ್ತದೆ. ನಿವೃತ್ತ ಗಂಡಸಿಗೆ ಮನೆಯೊಳಗೆ ಸ್ಥಾನವಿದ್ದರೂ ಪಾತ್ರವಿರುವುದಿಲ್ಲ.

ದೇಹದ ಮೇಲಿನ ಪರಿಣಾಮ

ಒಂಟಿತನವು ಮನಸ್ಸಿಗೆ ಮಾತ್ರ ಸಂಬಂಧಿಸಿದ್ದೆಂದು ಬಹುಕಾಲ ಭಾವಿಸಲಾಗಿತ್ತು. 2010ರಲ್ಲಿ ಜೂಲಿಯಾನ್ ಹೋಲ್ಟ್-ಲುನ್‌ಸ್ಟಾಡ್ ಮತ್ತು ಸಹೋದ್ಯೋಗಿಗಳು 3 ಲಕ್ಷಕ್ಕೂ ಹೆಚ್ಚು ಜನರನ್ನು ಒಳಗೊಂಡ 148 ಅಧ್ಯಯನಗಳನ್ನು ಒಟ್ಟುಗೂಡಿಸಿ ಪರಿಶೀಲಿಸಿದರು. ಗಟ್ಟಿಯಾದ ಸಾಮಾಜಿಕ ಸಂಬಂಧಗಳುಳ್ಳವರು ಅಧ್ಯಯನದ ಅವಧಿಯಲ್ಲಿ ಬದುಕುಳಿಯುವ ಸಾಧ್ಯತೆಯು ಇಲ್ಲದವರಿಗಿಂತ ಶೇ. 50ರಷ್ಟು ಅಧಿಕವೆಂದು ಕಂಡುಬಂದಿತು. ಮಂಡ್ಯ ಜಿಲ್ಲೆಯ ಹಲ್ಲೆಗೆರೆ ಮೂಲದ ಕುಟುಂಬದವರಾದ ಡಾ. ವಿವೇಕ್ ಮೂರ್ತಿಯವರು ಅಮೆರಿಕದ ಸರ್ಜನ್ ಜನರಲ್ ಆಗಿದ್ದಾಗ, 2023ರ ಮೇ ತಿಂಗಳಿನಲ್ಲಿ, ಒಂಟಿತನವನ್ನು ಸಾರ್ವಜನಿಕ ಆರೋಗ್ಯದ ಸಮಸ್ಯೆಯೆಂದು ಘೋಷಿಸಿ ಸಲಹಾಪತ್ರವನ್ನು ಹೊರಡಿಸಿದರು. ವಿಶ್ವ ಆರೋಗ್ಯ ಸಂಸ್ಥೆಯ ಆಯೋಗವು 2025ರಲ್ಲಿ ನೀಡಿದ ವರದಿಯಲ್ಲಿ, ಜಗತ್ತಿನಲ್ಲಿ ವರ್ಷಕ್ಕೆ 8 ಲಕ್ಷ 71 ಸಾವಿರಕ್ಕೂ ಹೆಚ್ಚು ಮರಣಗಳಿಗೆ ಒಂಟಿತನದ ನಂಟಿದೆ ಎಂದು ಅಂದಾಜಿಸಲಾಗಿದೆ.

ಇದು ಹೇಗೆ ಸಂಭವಿಸುತ್ತದೆ? ಒಂಟಿಯಾದವರು ಹೊತ್ತಿಗೆ ಸರಿಯಾಗಿ ಉಣ್ಣುವುದಿಲ್ಲ, ಗುಳಿಗೆ ಮರೆಯುತ್ತಾರೆ, ನಡಿಗೆ ನಿಲ್ಲಿಸುತ್ತಾರೆ. ಬಿದ್ದರೆ ಎತ್ತುವವರಿರುವುದಿಲ್ಲ. ಇವು ಕಣ್ಣಿಗೆ ಕಾಣುವ ಕಾರಣಗಳು. ಕಾಣದ ಕಾರಣವೂ ಒಂದಿದೆ. ಷಿಕಾಗೋದ ಮನಶ್ಶಾಸ್ತ್ರಜ್ಞ ಜಾನ್ ಕಸಿಯೊಪ್ಪೊ ಅವರ ಸಂಶೋಧನೆಗಳ ಪ್ರಕಾರ, ದೀರ್ಘಕಾಲ ಒಂಟಿಯಾದವರ ಮನಸ್ಸು ಸದಾ ಎಚ್ಚರದ ಸ್ಥಿತಿಯಲ್ಲಿರುತ್ತದೆ. ಹಿಂಡಿನಿಂದ ಅಗಲಿದ ಪ್ರಾಣಿಯು ಎಲೆ ಅಲುಗಿದರೂ ಬೆಚ್ಚುವಂತೆ, ಅವರು ಇತರರ ಮಾತಿನಲ್ಲಿ ತಿರಸ್ಕಾರವನ್ನೇ ಮೊದಲು ಕಾಣುತ್ತಾರೆ. ನಿದ್ರೆ ಬಂದರೂ ಒಡೆದೊಡೆದು ಬರುತ್ತದೆ. ‘ಮಾವನವರು ಇತ್ತೀಚೆಗೆ ಮುಟ್ಟಿದರೆ ಮುನಿಯುತ್ತಾರೆ’ ಎಂದು ಸೊಸೆಯು ಹೇಳುವಾಗ, ಆ ಮುನಿಸು ಸ್ವಭಾವದೋಷವಾಗಿರದೆ ಒಂಟಿತನದ ಲಕ್ಷಣವಾಗಿರಬಹುದು.

ಕಿವಿಯ ವಿಚಾರವನ್ನು ಇಲ್ಲಿ ಒತ್ತಿ ಹೇಳಬೇಕು. ಕಿವಿ ಮಂದವಾದವರು ಮೊದಲು ಮಾತನ್ನು ಮತ್ತೆ ಕೇಳುತ್ತಾರೆ. ಆಮೇಲೆ ಸಂಕೋಚದಿಂದ ಸುಮ್ಮನೆ ತಲೆಯಾಡಿಸುತ್ತಾರೆ. ಕಡೆಗೆ ಜನರಿರುವ ಕಡೆ ಹೋಗುವುದನ್ನೇ ಬಿಡುತ್ತಾರೆ. ಮರೆವಿನ ಕಾಯಿಲೆಯ ಬಗ್ಗೆ ‘ಲ್ಯಾನ್ಸೆಟ್’ ಪತ್ರಿಕೆಯ ಆಯೋಗವು 2024ರಲ್ಲಿ ಪಟ್ಟಿ ಮಾಡಿದ, ನಿವಾರಿಸಬಹುದಾದ 14 ಅಪಾಯಕಾರಿ ಅಂಶಗಳಲ್ಲಿ ಕಿವುಡುತನ, ದೃಷ್ಟಿಮಾಂದ್ಯ, ಸಾಮಾಜಿಕ ಪ್ರತ್ಯೇಕತೆ ಮೂರೂ ಸೇರಿವೆ. ಕನ್ನಡಕ ಧರಿಸಲು ಹಿಂಜರಿಯದ ನಮ್ಮ ಜನ ಶ್ರವಣಯಂತ್ರಕ್ಕೆ ಮಾತ್ರ ನಾಚುತ್ತಾರೆ. ಅಲ್ಪ ಆದಾಯದ ಹಿರಿಯರಿಗೆ ಶ್ರವಣಯಂತ್ರ, ಕನ್ನಡಕ, ಊರುಗೋಲು ಮುಂತಾದವುಗಳನ್ನು ಉಚಿತವಾಗಿ ಒದಗಿಸಲು 2017ರಿಂದ ‘ರಾಷ್ಟ್ರೀಯ ವಯೋಶ್ರೀ ಯೋಜನೆ’ ಜಾರಿಯಲ್ಲಿದೆ.

ಗುರುತಿಸುವ ಬಗೆ

‘ನನಗೆ ಒಂಟಿತನ ಕಾಡುತ್ತಿದೆ’ ಎಂದು ನೇರವಾಗಿ ಹೇಳುವ ಹಿರಿಯರು ವಿರಳ. ಮಕ್ಕಳಿಗೆ ನೋವಾದೀತೆಂಬ ಅಳುಕು ಅವರದು. ಮೊಣಕಾಲು, ಹೊಟ್ಟೆ, ತಲೆಸುತ್ತು ಎಂದು ಪದೇಪದೇ ವೈದ್ಯರಲ್ಲಿಗೆ ಹೊರಡುವುದು, ನಿತ್ಯದ ಪೂಜೆಯನ್ನೋ ಪತ್ರಿಕೆಯ ಓದನ್ನೋ ಕೈಬಿಡುವುದು, ಹಗಲೆಲ್ಲ ಮಲಗಿರುವುದು, ಊರಿನಿಂದ ಬಂದ ಕರೆಗೂ ಎರಡೇ ಮಾತಿನಲ್ಲಿ ಉತ್ತರಿಸುವುದು — ಇವನ್ನು ಮನೆಯವರು ಗಮನಿಸಬೇಕು. ಎರಡು ವಾರಕ್ಕೂ ಮೀರಿ ಇಂತಹ ಮಂಕು ಕವಿದಿದ್ದರೆ ಅದು ಖಿನ್ನತೆಯೆಂಬ ಕಾಯಿಲೆಯಾಗಿರಬಹುದು, ಅದಕ್ಕೆ ಚಿಕಿತ್ಸೆಯಿದೆ. ಥೈರಾಯ್ಡ್ ದೋಷ, ಬಿ12 ಜೀವಸತ್ವದ ಕೊರತೆಗಳೂ ಇದೇ ರೀತಿಯ ಮಂಕನ್ನು ತರುವುದರಿಂದ ವೈದ್ಯರ ಪರೀಕ್ಷೆ ಅಗತ್ಯ. ‘ಇನ್ನು ನಾನಿದ್ದು ಯಾರಿಗೆ ಏನು ಪ್ರಯೋಜನ’ ಎಂಬ ಮಾತು ಕೇಳಿಬಂದರೆ ಅದನ್ನು ಮುದುಕರ ಗೊಣಗಾಟವೆಂದು ತಳ್ಳಿಹಾಕಬಾರದು. ಅಂದೇ, ಅವರ ಪಕ್ಕದಲ್ಲಿ ಕುಳಿತು, ಸಾಯುವ ಯೋಚನೆ ಬರುತ್ತಿದೆಯೇ ಎಂದು ಕೇಳಬೇಕು. ಹಾಗೆ ಕೇಳುವುದರಿಂದ ಆ ಯೋಚನೆ ಹುಟ್ಟಿಕೊಳ್ಳುತ್ತದೆ ಎಂಬ ಭಯ ನಿರಾಧಾರವಾದುದು. 2022ರ ಅಕ್ಟೋಬರಿನಲ್ಲಿ ಆರಂಭವಾದ ‘ಟೆಲಿ-ಮಾನಸ್’ ಸೇವೆಯು 14416 ಸಂಖ್ಯೆಯಲ್ಲಿ ಹಗಲಿರುಳೂ ಉಚಿತವಾಗಿ ದೊರೆಯುತ್ತದೆ, ಕನ್ನಡದಲ್ಲಿಯೂ ಮಾತನಾಡಬಹುದು. ಈ ಸೇವೆಯ ಉನ್ನತ ಕೇಂದ್ರವು ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆ.

ಮನೆಯವರು, ಸಂಘಗಳು

ಅಮೆರಿಕದ ಟೆಕ್ಸಾಸ್ ರಾಜ್ಯದಲ್ಲಿ ನಡೆದು 2021ರಲ್ಲಿ ಪ್ರಕಟವಾದ ಪ್ರಯೋಗವೊಂದು ಇಲ್ಲಿ ಉಲ್ಲೇಖಾರ್ಹ. ಮನೆಬಾಗಿಲಿಗೆ ಊಟ ತರಿಸಿಕೊಳ್ಳುತ್ತಿದ್ದ 240 ಮಂದಿಯನ್ನು, ಅವರಲ್ಲಿ ಅರ್ಧಕ್ಕೂ ಹೆಚ್ಚು ಜನ 65 ದಾಟಿದವರು, ಎರಡು ಗುಂಪು ಮಾಡಲಾಯಿತು. ಒಂದು ಗುಂಪಿನವರಿಗೆ ನಾಲ್ಕು ವಾರಗಳ ಕಾಲ ಯುವಜನರು ದೂರವಾಣಿ ಕರೆ ಮಾಡಿದರು. ಕರೆ ಮಾಡಿದವರು ವೈದ್ಯರೂ ಅಲ್ಲ, ಸಲಹೆಗಾರರೂ ಅಲ್ಲ. ಅಲ್ಪಕಾಲದ ತರಬೇತಿ ಪಡೆದವರು. ಎದುರಿನವರು ಇಷ್ಟಪಟ್ಟ ವಿಷಯವನ್ನೇ ಕೇಳುತ್ತ ಹೋಗುವುದಷ್ಟೇ ಅವರ ಕೆಲಸ. ನಾಲ್ಕು ವಾರಗಳಲ್ಲಿ ಆ ಗುಂಪಿನವರ ಒಂಟಿತನ, ಖಿನ್ನತೆ, ಆತಂಕ ಮೂರೂ ಇನ್ನೊಂದು ಗುಂಪಿನವರಿಗಿಂತ ಕಡಿಮೆಯಾದವು. ‘ಊಟ ಆಯಿತೇ, ಔಷಧಿ ತೆಗೆದುಕೊಂಡಿರಾ’ ಎಂಬ ಎರಡು ಪ್ರಶ್ನೆಗಳಲ್ಲಿ ಮುಗಿಯುವ ಕರೆಗೂ, ‘ಆ ವರ್ಷ ಕೆರೆ ಕೋಡಿ ಬಿದ್ದಾಗ ಏನಾಯಿತು, ಹೇಳಿ’ ಎಂದು ತೊಡಗುವ ಕರೆಗೂ ಇರುವ ಅಂತರವನ್ನು ಪ್ರತ್ಯೇಕವಾಗಿ ವಿವರಿಸಬೇಕಾಗಿಲ್ಲ.

ಆಫ್ರಿಕಾದ ಜಿಂಬಾಬ್ವೆಯಲ್ಲಿ ಮನೋವೈದ್ಯ ಡಿಕ್ಸನ್ ಚಿಬಾಂಡಾ ಅವರು ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. ಅವರು ಆರೋಗ್ಯ ಕೇಂದ್ರಗಳ ಹೊರಗೆ ಮರದ ಬೆಂಚುಗಳನ್ನು ಹಾಕಿಸಿ, ತರಬೇತಿ ನೀಡಿದ ಅಜ್ಜಿಯರನ್ನು ಕೂರಿಸಿದರು. ಖಿನ್ನತೆಯಿಂದ ಬಳಲುವವರು ಬಂದು ಆ ಅಜ್ಜಿಯರೊಡನೆ ಮಾತನಾಡುತ್ತಾರೆ. 2016ರಲ್ಲಿ ಪ್ರಕಟವಾದ ಅಧ್ಯಯನವು ಈ ವಿಧಾನದಿಂದ ರೋಗಿಗಳಿಗೆ ಸ್ಪಷ್ಟವಾದ ಪ್ರಯೋಜನವಾದುದನ್ನು ತೋರಿಸಿತು. ಹಿರಿಯರನ್ನು ನೆರವು ಪಡೆಯುವವರೆಂದಷ್ಟೇ ಕಾಣದೆ ನೆರವು ನೀಡುವವರೆಂದು ಕಂಡದ್ದು ಈ ಯೋಜನೆಯ ವಿಶೇಷ. ‘ನೀವು ಆರಾಮಾಗಿ ಕೂತಿರಿ’ ಎಂಬ ನಮ್ಮ ಮನೆಗಳ ಉಪಚಾರದ ಮಾತು ಸದುದ್ದೇಶದ್ದೇ ಆದರೂ, ಕೈಯಿಂದ ಕೆಲಸವನ್ನು ಕಿತ್ತುಕೊಂಡಂತೆ ಆಗುವುದುಂಟು. ಮೇಲೆ ಹೇಳಿದ ಮೇಷ್ಟರಿಗೆ ಅದೇ ವಸತಿ ಸಮುಚ್ಚಯದ ನಾಲ್ಕು ಮಕ್ಕಳಿಗೆ ವಾರಕ್ಕೆರಡು ದಿನ ಕನ್ನಡ ಅಕ್ಷರಾಭ್ಯಾಸ ಮಾಡಿಸುವ ಹೊಣೆ ದೊರೆತರೆ, ಅವರು ಮತ್ತೆ ‘ಮೇಷ್ಟ್ರು’ ಆಗುತ್ತಾರೆ.

ಹೊರನಾಡಿನ ಕನ್ನಡ ಸಂಘಗಳ ಇತಿಹಾಸ ದೀರ್ಘವಾದುದು. ಮುಂಬಯಿಯ ಮಾಟುಂಗದ ಮೈಸೂರು ಅಸೋಸಿಯೇಷನ್ 1926ರಲ್ಲಿಯೇ ಸ್ಥಾಪನೆಯಾಯಿತು. ದೆಹಲಿ ಕರ್ನಾಟಕ ಸಂಘಕ್ಕೂ ಹಲವು ದಶಕಗಳ ಪರಂಪರೆಯಿದೆ. ಆದರೆ ಸಂಘಗಳ ಕಾರ್ಯಕ್ರಮಗಳು ಸಾಮಾನ್ಯವಾಗಿ ಸಂಜೆ ಆರಕ್ಕೆ ಆರಂಭವಾಗಿ ರಾತ್ರಿ ಒಂಬತ್ತಕ್ಕೆ ಮುಗಿಯುತ್ತವೆ. ಎಪ್ಪತ್ತೈದರ ಹಿರಿಯರು ಅಷ್ಟು ಹೊತ್ತಿನಲ್ಲಿ ಡೊಂಬಿವಲಿಯಿಂದ ಮಾಟುಂಗಕ್ಕೆ ಬಂದು ಮರಳುವುದು ದುಸ್ಸಾಧ್ಯ. ವಾರಕ್ಕೊಂದು ಬಾರಿ, ಹಗಲು ಹೊತ್ತಿನಲ್ಲಿ, ಬಡಾವಣೆಯ ಮಟ್ಟದಲ್ಲಿ, ಭಾಷಣವಿಲ್ಲದ ಒಂದು ಕೂಟ ಏರ್ಪಟ್ಟರೆ ಸಾಕು. ಸನ್ಮಾನ, ಹಾರತುರಾಯಿಗಳ ಅಗತ್ಯವೂ ಇಲ್ಲ. ಸ್ಥಳೀಯರೊಡನೆಯೂ ಬೆರೆಯಬೇಕು. ಮಹಾರಾಷ್ಟ್ರದ ನಗರಗಳಲ್ಲಿ ‘ಜ್ಯೇಷ್ಠ ನಾಗರಿಕ ಸಂಘ’ಗಳು ಬಡಾವಣೆ ಬಡಾವಣೆಗೂ ಇವೆ. ನಾಲ್ಕು ಮಾತು ಮರಾಠಿ ಕಲಿತ ಕನ್ನಡಿಗ ಹಿರಿಯರಿಗೆ ಅಲ್ಲಿ ನಾಟ್ಯಗೀತೆಯಲ್ಲಿಯೋ ಭಜನೆಯಲ್ಲಿಯೋ ಜೊತೆಗಾರರು ಸಿಗುವುದು ಕಷ್ಟವಲ್ಲ.

ಕಾನೂನು ಮತ್ತು ಸೌಲಭ್ಯ

ಪಾಲಕರ ಮತ್ತು ಹಿರಿಯ ನಾಗರಿಕರ ಪೋಷಣೆ ಹಾಗೂ ಕಲ್ಯಾಣ ಅಧಿನಿಯಮ, 2007ರ ಮೇರೆಗೆ, ತಮ್ಮನ್ನು ತಾವು ಪೋಷಿಸಿಕೊಳ್ಳಲಾಗದ ಹಿರಿಯರು ಮಕ್ಕಳಿಂದ ಜೀವನಾಂಶ ಕೋರಿ ನ್ಯಾಯಮಂಡಲಿಗೆ ಅರ್ಜಿ ಸಲ್ಲಿಸಬಹುದು. ತಾವು ವಾಸಿಸುವ ಅಥವಾ ಕೊನೆಯದಾಗಿ ವಾಸಿಸಿದ ಜಿಲ್ಲೆಯಲ್ಲಿ, ಇಲ್ಲವೆ ಮಕ್ಕಳು ವಾಸಿಸುವ ಜಿಲ್ಲೆಯಲ್ಲಿ ಅರ್ಜಿ ಹಾಕಲು ಅವಕಾಶವಿರುವುದು ಹೊರನಾಡಿನವರಿಗೆ ಅನುಕೂಲಕರ. ವಕೀಲರ ಅಗತ್ಯವಿಲ್ಲ. ಅಧಿನಿಯಮದಲ್ಲಿ ಜೀವನಾಂಶದ ಗರಿಷ್ಠ ಮಿತಿ ತಿಂಗಳಿಗೆ 10,000 ರೂಪಾಯಿ. ಮನೆಯನ್ನೋ ಜಮೀನನ್ನೋ ಮಕ್ಕಳ ಹೆಸರಿಗೆ ದಾನಪತ್ರ ಮಾಡಿಕೊಡುವವರು, ತಮ್ಮ ಯೋಗಕ್ಷೇಮ ನೋಡಿಕೊಳ್ಳಬೇಕೆಂಬ ಷರತ್ತನ್ನು ಪತ್ರದಲ್ಲಿಯೇ ಬರೆಯಿಸುವುದು ಒಳಿತು. ಷರತ್ತು ಮುರಿದರೆ 23ನೆಯ ಪ್ರಕರಣದ ಮೇರೆಗೆ ಆ ಹಸ್ತಾಂತರವನ್ನು ರದ್ದುಪಡಿಸಲು ಕೋರಬಹುದು. ನ್ಯಾಯಮಂಡಲಿಯು ಹಣ ಕೊಡಿಸಬಲ್ಲದು. ಜೊತೆಗೆ ಕುಳಿತು ಮಾತನಾಡಿರೆಂದು ಆದೇಶಿಸಲಾರದು.

ಒಂಟಿ ಹಿರಿಯರು ವಂಚಕರ ಕಣ್ಣಿಗೂ ಬೀಳುತ್ತಾರೆ. ಪೊಲೀಸರೆಂದು ಹೇಳಿಕೊಂಡು, ವಿಡಿಯೊ ಕರೆಯಲ್ಲಿಯೇ ‘ಬಂಧಿಸಿ’, ಯಾರಿಗೂ ತಿಳಿಸಬಾರದೆಂದು ಹೆದರಿಸಿ ಹಣ ದೋಚುವ ಪ್ರಕರಣಗಳು ಇತ್ತೀಚಿನ ವರ್ಷಗಳಲ್ಲಿ ನಡೆದಿವೆ. ಕೇಳಲು ಮನೆಯಲ್ಲಿ ಮತ್ತೊಬ್ಬರಿಲ್ಲದಿರುವುದೇ ಈ ವಂಚನೆಯ ಬಂಡವಾಳ. ಭಾರತದ ಕಾನೂನಿನಲ್ಲಿ ದೂರವಾಣಿಯ ಮೂಲಕ ಬಂಧಿಸುವ ಪದ್ಧತಿಯೇ ಇಲ್ಲ. ಹಣ ಹೋಗಿದ್ದರೆ ತಡಮಾಡದೆ 1930ಕ್ಕೆ ಕರೆ ಮಾಡಬೇಕು.

ಪಿಂಚಣಿ, ಆಸ್ಪತ್ರೆ, ವೃದ್ಧಾಶ್ರಮ, ಕಾನೂನು ಇವುಗಳ ಮಾಹಿತಿಗೂ, ದುರ್ವರ್ತನೆಯ ದೂರಿಗೂ, ಕೇವಲ ಮನದಳಲು ಹೇಳಿಕೊಳ್ಳುವುದಕ್ಕೂ ‘ಎಲ್ಡರ್‌ಲೈನ್’ ಎಂಬ ರಾಷ್ಟ್ರೀಯ ಸಹಾಯವಾಣಿಯಿದೆ. ಸಂಖ್ಯೆ 14567, ಬೆಳಗ್ಗೆ 8ರಿಂದ ರಾತ್ರಿ 8ರವರೆಗೆ, ಉಚಿತ. ಒಬ್ಬರೇ ವಾಸಿಸುವ ಹಿರಿಯರ ಹೆಸರು ನೋಂದಾಯಿಸಿಕೊಂಡು ಬೀಟ್ ಸಿಬ್ಬಂದಿಯನ್ನು ಆಗಾಗ ಮನೆಗೆ ಕಳುಹಿಸುವ ವ್ಯವಸ್ಥೆ ದೆಹಲಿ ಪೊಲೀಸರಲ್ಲಿದೆ. ಇತರ ನಗರಗಳವರು ತಮ್ಮ ಪೊಲೀಸ್ ಠಾಣೆಯಲ್ಲಿ ವಿಚಾರಿಸಬಹುದು. ಈ ಸಂಖ್ಯೆಗಳನ್ನು, ಮಕ್ಕಳ ಮತ್ತು ನೆರೆಯವರ ಸಂಖ್ಯೆಗಳೊಡನೆ, ದಪ್ಪ ಕನ್ನಡ ಅಕ್ಷರಗಳಲ್ಲಿ ಬರೆದು, ಹಿರಿಯರು ಮಲಗುವ ಮಂಚದ ಪಕ್ಕದ ಗೋಡೆಗೆ ಅಂಟಿಸಿಡಬೇಕು.