ಬೆಂಜಮಿನ್ ಕ್ರಿಸ್ಟೆನ್ಸನ್: ಡೆನ್ಮಾರ್ಕಿನ ನಟ ಮತ್ತು ನಿರ್ದೇಶಕ

ಡೆನ್ಮಾರ್ಕ್ ಯೂರೋಪಿನ ಉತ್ತರದಲ್ಲಿರುವ ಒಂದು ಪುಟ್ಟ ದೇಶ. ಚಲಚ್ಚಿತ್ರಕ್ಕೆ ಇನ್ನೂ ಮಾತು ಬಾರದಿದ್ದ ಕಾಲದಲ್ಲಿ ಅಲ್ಲಿನ ಚಿತ್ರಗಳು ದೂರದೇಶಗಳಲ್ಲೂ ಪ್ರದರ್ಶಿತವಾಗುತ್ತಿದ್ದವು. ಆ ಕಾಲದ ಕಲಾವಿದರಲ್ಲಿ ಕಥೆಯನ್ನು ತಾನೇ ಬರೆದು, ತಾನೇ ನಿರ್ದೇಶಿಸಿ, ತಾನೇ ವೇಷ ಕಟ್ಟಿದವನು ಬೆಂಜಮಿನ್ ಕ್ರಿಸ್ಟೆನ್ಸನ್.

ಈತನು 1879ರಲ್ಲಿ ವಿಬೋರ್ ಎಂಬ ಊರಿನಲ್ಲಿ ಜನಿಸಿದನು. ಮೊದಲು ವೈದ್ಯಶಾಸ್ತ್ರವನ್ನು ಓದತೊಡಗಿ, ಅದನ್ನು ಬಿಟ್ಟು ಸಂಗೀತ ನಾಟಕಗಳ ಗಾಯಕನಾಗಲು ಹೊರಟನು. ಆದರೆ ಕಂಠವೇ ಕೈಕೊಟ್ಟಿತು. ಕೆಲಕಾಲ ರಂಗಭೂಮಿಯಲ್ಲಿದ್ದು, ಬಳಿಕ ಹೊಟ್ಟೆಪಾಡಿಗಾಗಿ ಫ್ರೆಂಚ್ ಮದ್ಯದ ವ್ಯಾಪಾರಕ್ಕಿಳಿದನು. ಅಲ್ಲಿಗೆ ಕಥೆ ಮುಗಿಯಬೇಕಾಗಿತ್ತು. ಆದರೆ ಹೊಸದಾಗಿ ಬಂದಿದ್ದ ಮೂಕಚಿತ್ರಕ್ಕೆ ಕಂಠ ಬೇಕಾಗಿರಲಿಲ್ಲ, ಮುಖ ಸಾಕಾಗಿತ್ತು!

1914ರಲ್ಲಿ ಆತನ ಮೊದಲ ಚಿತ್ರ ‘ರಹಸ್ಯಮಯ ಎಕ್ಸ್’ ತೆರೆಕಂಡಿತು. ಗೂಢಚಾರನೆಂಬ ಅಪವಾದಕ್ಕೆ ಗುರಿಯಾದ ನೌಕಾಧಿಕಾರಿಯ ಪಾತ್ರ ಆತನದೇ. ಕತ್ತಲೆಯ ಕೋಣೆಯಲ್ಲಿ ಒಂದೇ ಕಡೆಯಿಂದ ಬೆಳಕನ್ನು ಬೀಳಿಸಿ ಮನುಷ್ಯರನ್ನು ಕರಿಯ ನೆರಳುಗಳಂತೆ ತೋರಿಸಿದ ರೀತಿ ಆಗ ತೀರ ಹೊಸತು. 1916ರ ‘ಸೇಡಿನ ರಾತ್ರಿ’ಯಲ್ಲಿ, ಮಾಡದ ಕೊಲೆಗಾಗಿ ಸೆರೆಮನೆ ಸೇರಿದ ಸರ್ಕಸ್ಸಿನ ಬಲಶಾಲಿಯಾಗಿ ನಟಿಸಿದನು. ಎರಡು ಕಥೆಗಳಲ್ಲಿಯೂ ನಿರಪರಾಧಿಯೇ ದಂಡನೆಗೆ ಗುರಿಯಾಗುವುದನ್ನು ಗಮನಿಸಿರಿ. ಅದೇ ವಿಷಯವು ಆತನ ಮೇರುಕೃತಿಯಲ್ಲಿ ಮತ್ತಷ್ಟು ವಿಸ್ತಾರವಾಗಿ ಬಂದಿತು.

ಅದು 1922ರ ‘ಹೆಕ್ಸನ್’, ಎಂದರೆ ಮಾಟಗಾತಿ. ಬರ್ಲಿನ್ ನಗರದ ಪುಸ್ತಕದಂಗಡಿಯೊಂದರಲ್ಲಿ ಹದಿನೈದನೆಯ ಶತಮಾನದ ಒಂದು ಗ್ರಂಥವು ಆತನಿಗೆ ಸಿಕ್ಕಿತು. ಮಾಟಗಾತಿಯರನ್ನು ಪತ್ತೆಹಚ್ಚಿ ದಂಡಿಸುವ ಬಗೆಯನ್ನು ನ್ಯಾಯಾಧಿಕಾರಿಗಳಿಗೆ ಬೋಧಿಸುವ ಗ್ರಂಥವದು. ಅಲ್ಲಿಂದ ವರ್ಷಗಟ್ಟಲೆ ಹಳೆಯ ಪುಸ್ತಕಗಳನ್ನೂ ಚಿತ್ರಗಳನ್ನೂ ಅಭ್ಯಸಿಸಿ, ಸ್ವೀಡನ್ನಿನ ಕಂಪನಿಯೊಂದರ ಹಣದಿಂದ ಚಿತ್ರವನ್ನು ತಯಾರಿಸಿದನು. ಸ್ಕ್ಯಾಂಡಿನೇವಿಯದ ಮೂಕಚಿತ್ರಗಳಲ್ಲೆಲ್ಲ ಅತಿ ಹೆಚ್ಚು ವೆಚ್ಚವಾದುದು ಇದೇ ಎನ್ನುತ್ತಾರೆ.

ಚಿತ್ರದ ಆರಂಭವು ಒಂದು ಪಾಠದಂತಿದೆ. ಹಳೆಯ ಚಿತ್ರಪಟಗಳ ಮೇಲೆ ಕೋಲು ತೋರಿಸುತ್ತ ವಿವರಣೆ ನಡೆಯುತ್ತದೆ. ನಮ್ಮ ಭೂಗೋಳದ ತರಗತಿಯೇ ಸರಿ! ಅನಂತರ ಕಥೆ. ಮುದ್ರಣಕಾರನೊಬ್ಬನು ಕಾಯಿಲೆ ಬೀಳುತ್ತಾನೆ. ಯಾರೋ ಮಾಟ ಮಾಡಿದ್ದಾರೆಂದು ಮನೆಯವರ ನಂಬಿಕೆ. ಅದೇ ಹೊತ್ತಿಗೆ ಮಾರಿಯಾ ಎಂಬ ಬಡ ನೇಕಾರ ಮುದುಕಿ ತುತ್ತು ಅನ್ನಕ್ಕಾಗಿ ಬಾಗಿಲಿಗೆ ಬರುತ್ತಾಳೆ. ರೋಗಿಯ ಹೆಂಡತಿ ಅವಳ ಮೇಲೆಯೇ ದೂರು ಕೊಡುತ್ತಾಳೆ. ಚಿತ್ರಹಿಂಸೆಯನ್ನು ತಾಳಲಾರದೆ ಮುದುಕಿಯು ಮಾಡದುದನ್ನೆಲ್ಲ ಒಪ್ಪಿಕೊಳ್ಳುತ್ತಾಳೆ. ತನ್ನನ್ನು ಹೀನಾಯವಾಗಿ ಕಂಡವರ ಹೆಸರುಗಳನ್ನೂ ಹೇಳುತ್ತಾಳೆ. ಈಗ ಅವರ ಸರದಿ. ಕೊನೆಗೆ ದೂರು ಕೊಟ್ಟ ಆ ಎಳೆಯ ತಾಯಿಯೇ ವಂಚನೆಯ ಮಾತಿಗೆ ಸಿಕ್ಕಿ ಬೆಂಕಿಗೆ ಆಹುತಿಯಾಗುತ್ತಾಳೆ. ಹಿಂಸೆಯಿಂದ ಪಡೆದ ಒಪ್ಪಿಗೆ ಸತ್ಯವಲ್ಲವೆಂಬುದನ್ನು ಇದಕ್ಕಿಂತ ಸ್ಪಷ್ಟವಾಗಿ ತೋರಿಸುವುದು ಕಷ್ಟ.

ಇದರಲ್ಲಿ ಸೈತಾನನ ವೇಷ ಸ್ವತಃ ಕ್ರಿಸ್ಟೆನ್ಸನ್ನನದು. ನಾಲಗೆ ಚಾಚಿ ಅಣಕಿಸುವ ಆ ಸೈತಾನನು ಜನರ ಭಯದಲ್ಲಿ ಹುಟ್ಟಿದವನು. ಕೊಲ್ಲುವವರು ಮಾತ್ರ ಮನುಷ್ಯರೇ. ಕೊನೆಯ ಭಾಗದಲ್ಲಿ, ಹಿಂದೆ ಮಾಟಗಾತಿಯರೆನಿಸಿದವರು ಹಿಸ್ಟೀರಿಯ ರೋಗಿಗಳಾಗಿದ್ದಿರಬಹುದೆಂದು ಆತನು ವಾದಿಸುತ್ತಾನೆ. ಇಂದಿನ ವೈದ್ಯರು ಆ ರೋಗನಾಮವನ್ನೇ ಕೈಬಿಟ್ಟಿರುವುದರಿಂದ ಈ ವಾದ ಈಗ ನಿಲ್ಲದು. ಆದರೆ ಬಡ ಮುದುಕಿಯರನ್ನೂ ಮನಸ್ಸು ಕೆಟ್ಟವರನ್ನೂ ನಾವು ನಿಜವಾಗಿ ಮೊದಲಿಗಿಂತ ಚೆನ್ನಾಗಿ ಕಾಣುತ್ತಿರುವೆವೇ ಎಂಬ ಆತನ ಪ್ರಶ್ನೆ ಹಾಗೆಯೇ ಉಳಿದಿದೆ. ಅನೇಕ ದೇಶಗಳಲ್ಲಿ ಈ ಚಿತ್ರಕ್ಕೆ ಕತ್ತರಿ ಬಿದ್ದಿತು, ಕೆಲವೆಡೆ ನಿಷೇಧವೂ ಆಯಿತು.

1924ರಲ್ಲಿ ಡ್ರೇಯರ್ ಎಂಬ ಇನ್ನೊಬ್ಬ ಡೇನಿಷ್ ನಿರ್ದೇಶಕನು ಜರ್ಮನಿಯಲ್ಲಿ ತೆಗೆದ ‘ಮೈಕೇಲ್’ ಚಿತ್ರದಲ್ಲಿ, ಪ್ರೀತಿಯ ಶಿಷ್ಯನೇ ಕಡೆಗಣಿಸಿದ ವೃದ್ಧ ಚಿತ್ರಕಾರನಾಗಿ ಕ್ರಿಸ್ಟೆನ್ಸನ್ ಅಭಿನಯಿಸಿದನು. ಬಳಿಕ ಅಮೆರಿಕದ ಹಾಲಿವುಡ್ ಕರೆಯಿತು. ಅಲ್ಲಿ ಲಾನ್ ಚೇನಿಯಂಥ ಪ್ರಸಿದ್ಧ ನಟರನ್ನು ನಿರ್ದೇಶಿಸಿದರೂ ‘ಹೆಕ್ಸನ್’ಗೆ ಸಮನಾದುದು ಹುಟ್ಟಲಿಲ್ಲ.

ತಾಯ್ನಾಡಿಗೆ ಮರಳಿ 1939ರಿಂದ ನಾಲ್ಕು ಮಾತಿನ ಚಿತ್ರಗಳನ್ನು ತೆಗೆದನು. ಮೊದಲನೆಯದು ವಿಚ್ಛೇದಿತ ದಂಪತಿಗಳ ಮಕ್ಕಳನ್ನು ಕುರಿತದ್ದು. 1942ರ ಕೊನೆಯ ಚಿತ್ರ ಸೋತಿತು. ಡೆನ್ಮಾರ್ಕಿನಲ್ಲಿ ಚಿತ್ರಮಂದಿರ ನಡೆಸಲು ಸರಕಾರದ ಪರವಾನಗಿ ಬೇಕಾಗಿತ್ತು. ಅದನ್ನು ಕಲಾವಿದರಿಗೂ ಕೊಡುತ್ತಿದ್ದರು. ಹಾಗೆ ಕೋಪನ್‌ಹೇಗನ್ ನಗರದ ಹೊರವಲಯದ ಒಂದು ಚಿತ್ರಮಂದಿರವು ಆತನ ಪಾಲಿಗೆ ಬಂದಿತು. ಮತ್ತೆ ಚಿತ್ರ ತೆಗೆಯಲಿಲ್ಲ. ಇತರರ ಚಿತ್ರಗಳನ್ನು ತೋರಿಸುತ್ತ ಬಾಳಿ, 1959ರ ಏಪ್ರಿಲಿನಲ್ಲಿ ತೀರಿಕೊಂಡನು.